ಸೋತೋನು ಆಮೇಲೆ ಏನ್ ಮಾಡ್ದ?

ರಾತ್ರಿ ಹತ್ತು ಗಂಟೆ ದಾಟಿತೆಂದರೆ ನಮ್ಮ ಮೇಲಿನ ಮನೆಯಲ್ಲಿ ಗೋಲಿ ಉರುಳುತ್ತದೆ. ಮೊದಲು ಟಕ್ ಎಂದು ಒಂದು ಸದ್ದು. ಆಮೇಲೆ ಪುಟಿದು ಪುಟಿದು ಸಣ್ಣದಾಗುತ್ತ ಹೋಗುವ ಟಕಟಕ. ಕೊನೆಗೆ ಗ್ರಾನೈಟಿನ ಮೇಲೆ ಉದ್ದಕ್ಕೂ ಉರುಳಿಕೊಂಡು ಹೋಗಿ ಗೋಡೆಗೆ ತಾಗಿ ನಿಲ್ಲುವ ಸದ್ದು. ದೀಪ ಆರಿಸಿ ಮಲಗಿದವನಿಗೆ ಅದು ತಲೆಯೊಳಗೇ ಉರುಳಿದ ಹಾಗಿರುತ್ತದೆ. ಸದ್ಯ ನಿಂತಿತಲ್ಲ ಎಂದು ಮಗ್ಗುಲು ಬದಲಿಸುವಷ್ಟರಲ್ಲಿ ಇನ್ನೊಂದು. "ನಾಳೆ ಮೇಲೆ ಹೋಗಿ ಒಂದು ಮಾತು ಹೇಳಿ ಬನ್ನಿ" ಎನ್ನುತ್ತಾಳೆ ಹೆಂಡತಿ. ಬೆಳಗಾಗುತ್ತದೆ. ಹಗಲು ಆ ಸದ್ದಿರುವುದಿಲ್ಲ, ರಾತ್ರಿಯ ಸಿಟ್ಟೂ ಇರುವುದಿಲ್ಲ.

ಹೋದ ತಿಂಗಳು ಒಂದು ರಾತ್ರಿ ಬೇರೆಯದೇ ಸದ್ದು ಕೇಳಿಸಿತು. ಗೋಲಿ ನೆಲಕ್ಕೆ ಬಿದ್ದದ್ದಲ್ಲ, ಗುರಿಯಿಟ್ಟು ಹೊಡೆದ ಗೋಲಿ ಇನ್ನೊಂದು ಗೋಲಿಗೆ ನೇರವಾಗಿ ತಾಗಿದ್ದು. ಗೋಲಿ ಆಡಿದವರಿಗೆ ಈ ಎರಡರ ವ್ಯತ್ಯಾಸ ಗೊತ್ತು. ಹಾಸಿಗೆಯಲ್ಲೇ ಎದ್ದು ಕುಳಿತೆ. ನಲವತ್ತು ವರ್ಷದ ಹಿಂದೆ, ಮೈಸೂರಿನ ಒಂದು ಕ್ಲಬ್ಬಿನ ಹಿಂಬಾಗಿಲಲ್ಲಿ ಚಡ್ಡಿ ಹಾಕಿಕೊಂಡು ನಿಂತಿದ್ದಾಗ ಒಳಗಿನಿಂದ ಬರುತ್ತಿದ್ದದ್ದು ಇದೇ ಸದ್ದು.

ನನ್ನ ಸೋದರಮಾವ ಆ ಕ್ಲಬ್ಬಿನ ಬಿಲಿಯರ್ಡ್ಸ್ ರೂಮಿನಲ್ಲಿ ಮಾರ್ಕರ್ ಆಗಿದ್ದರು. ಬೋರ್ಡಿನ ಮೇಲೆ ಪಾಯಿಂಟಿನ ಮುಳ್ಳು ಸರಿಸುವುದು, ಪಾಕೆಟ್ಟಿನಿಂದ ಚೆಂಡು ತೆಗೆದು ಅದರದರ ಜಾಗದಲ್ಲಿ ಇಡುವುದು, ಸವೆದ ಕ್ಯೂ ಕೋಲುಗಳ ತುದಿಗೆ ಹೊಸ ಚರ್ಮ ಅಂಟಿಸುವುದು, ಮೆಂಬರಿಗೆ ಜೊತೆ ಸಿಗದ ದಿನ ತಾವೇ ಒಂದು ಕ್ಯೂ ಹಿಡಿದು ನಿಲ್ಲುವುದು, ಇಷ್ಟೂ ಮಾರ್ಕರನ ಕೆಲಸ. ಬೇಸಿಗೆ ರಜೆಯಲ್ಲಿ ಅಜ್ಜಿಯ ಮನೆಗೆ ಹೋದಾಗಲೆಲ್ಲ ಮಾವ ನನ್ನನ್ನು ಸೈಕಲ್ಲಿನ ಬಾರಿನ ಮೇಲೆ ಕೂರಿಸಿಕೊಂಡು ಬೆಳಿಗ್ಗೆ ಆರೂವರೆಗೇ ಅಲ್ಲಿಗೆ ಕರೆದೊಯ್ಯುತ್ತಿದ್ದರು. ಮೆಂಬರುಗಳು ಬರುವ ಹೊತ್ತಿಗೆ ಮಕ್ಕಳು ಅಲ್ಲಿರುವಂತಿರಲಿಲ್ಲ. ನನಗೆ ಸಿಗುತ್ತಿದ್ದದ್ದು ಎರಡು ಗಂಟೆ. ಆ ಎರಡು ಗಂಟೆಯಷ್ಟು ಪೂರ್ತಿಯಾಗಿ ನಾನು ಬೇರೆಲ್ಲೂ ಬದುಕಿಲ್ಲವೇನೋ ಎಂದು ಈಗಲೂ ಅನ್ನಿಸುತ್ತದೆ.

ಬಿಳಿ ಹೊದಿಕೆ ಎಳೆದರೆ ಒಳಗೆ ಹನ್ನೆರಡು ಅಡಿ ಉದ್ದ, ಆರು ಅಡಿ ಅಗಲದ ಹಸಿರು. ಮಾವ ಉದ್ದನೆಯ ಬ್ರಶ್ಶಿನಿಂದ ಅದನ್ನು ಒಂದೇ ದಿಕ್ಕಿಗೆ, ಬಿಳಿ ಚೆಂಡು ಆಟ ಶುರು ಮಾಡುವ ತುದಿಯಿಂದ ಕರಿ ಚೆಂಡಿನ ತುದಿಯ ಕಡೆಗೆ ಗುಡಿಸುತ್ತಿದ್ದರು. ಆಮೇಲೆ ಅದೇ ದಿಕ್ಕಿಗೆ ಇಸ್ತ್ರಿ. ಒಂದು ದಿನ ನನ್ನ ಕೈ ಹಿಡಿದು, "ಕಣ್ಮುಚ್ಕೊಂಡು ಸವರು" ಎಂದರು. ಸವರಿದೆ. ಬೆಕ್ಕಿನ ಬೆನ್ನು ಸವರಿದ ಹಾಗೆ ನುಣ್ಣಗಿತ್ತು. "ಈಗ ಆ ಕಡೆಯಿಂದ." ಅಂಗೈಗೆ ಸಣ್ಣಗೆ ತಡೆ ಸಿಕ್ಕಿತು. ಕಣ್ಣಿಗೆ ಕಾಣದ ಸಾವಿರಾರು ಉಣ್ಣೆಯ ಎಳೆಗಳು ಎದ್ದು ನಿಂತಿದ್ದವು. "ಬಟ್ಟೆಗೂ ಒಂದು ದಿಕ್ಕಿದೆ ಕಣೋ ಪುಟ್ಟ. ನಿಧಾನಕ್ಕೆ ಹೋಗೋ ಬಾಲು ಅದರ ಮಾತು ಕೇಳತ್ತೆ. ಜೋರಾಗಿ ಹೋಗೋದು ಕೇಳಲ್ಲ" ಎಂದರು ಮಾವ.

ಓದಿದ್ದು ಏಳನೇ ತರಗತಿಯಾದರೂ ಮಾವನಿಗೆ ಈ ಆಟದ ಚರಿತ್ರೆ ಬಾಯಿಪಾಠ. 1875ರಲ್ಲಿ ಜಬಲ್ಪುರದ ದಂಡಿನಲ್ಲಿ ನೆವಿಲ್ ಚೇಂಬರ್ಲೇನ್ ಎಂಬ ತರುಣ ಅಧಿಕಾರಿ ಬಿಲಿಯರ್ಡ್ಸ್ ಟೇಬಲ್ಲಿನ ಮೇಲೆ ಬಣ್ಣದ ಚೆಂಡುಗಳನ್ನು ಸೇರಿಸಿ ಸ್ನೂಕರ್ ಎಂಬ ಹೊಸ ಆಟ ಕಟ್ಟಿದ. ಮುಂದೆ ಬ್ರಿಟನ್ನಿನ ಪ್ರಧಾನಿಯಾದ ಚೇಂಬರ್ಲೇನ್ ಬೇರೆ, ಇವನು ಬೇರೆ. 1882ರಲ್ಲಿ ಊಟಿ ಕ್ಲಬ್ಬಿನ ಗೋಡೆಗೆ ಆ ಆಟದ ನಿಯಮ ಬರೆದು ಹಾಕಿದರು. "ಊಟಿ ಅಂದ್ರೆ ಎಷ್ಟು ದೂರ? ನಂಜನಗೂಡು, ಗುಂಡ್ಲುಪೇಟೆ, ಬಂಡೀಪುರ, ಅಷ್ಟೇ" ಎನ್ನುವಾಗ ಮಾವನ ಮುಖದಲ್ಲಿ ಆಟ ನಮ್ಮ ಪಕ್ಕದ ಊರಿನದು ಎಂಬ ಸಂತೋಷವಿರುತ್ತಿತ್ತು. ನಮ್ಮ ಪಕ್ಕದ ಊರಿನ ಆ ಆಟವನ್ನು ಲಂಡನ್ನಿನ ಪ್ಲಮ್‌ಸ್ಟೆಡ್ ಎಂಬ ಕಡೆಯ ಒಬ್ಬ ಹುಡುಗ ಎಲ್ಲರಿಗಿಂತ ಚೆನ್ನಾಗಿ ಆಡುತ್ತಿದ್ದಾನೆ ಎಂಬುದೂ ಅವರಿಗೆ ಗೊತ್ತಿತ್ತು. ಮೆಂಬರುಗಳು ಬಿಟ್ಟುಹೋದ ಇಂಗ್ಲಿಷ್ ಪತ್ರಿಕೆಯೊಂದರಿಂದ ಕತ್ತರಿಸಿದ ಅವನ ಚಿತ್ರ ಕ್ಯೂ ಸ್ಟ್ಯಾಂಡಿನ ಪಕ್ಕದಲ್ಲಿತ್ತು. ಕೆಂಚು ಕೂದಲು, ಕರಿ ವೇಸ್ಟ್‌ಕೋಟು, ಬೋ ಟೈ, ಕ್ಯೂ ಮೇಲೆ ಊರಿದ ಗದ್ದ. ಸ್ಟೀವ್ ಡೇವಿಸ್. ಮಾವನ ಬಾಯಲ್ಲಿ ಬರೀ ಡೇವಿಸ್ಸು.

ಅದು 1985ರ ಏಪ್ರಿಲ್ ತಿಂಗಳ ಕೊನೆ. ಅಂದು ಬೇಗ ಬಂದ ಮೆಂಬರೊಬ್ಬರು ಪತ್ರಿಕೆ ಬಿಡಿಸಿ, "ನಿಮ್ಮ ಡೇವಿಸ್ ಸೋತನಲ್ರೀ, ಕೊನೇ ಚೆಂಡಲ್ಲಿ" ಎಂದರು. ಬಾಗಿಲ ಮರೆಯಲ್ಲಿದ್ದ ನನಗೆ ಮಾವನ ಬೆನ್ನು ಮಾತ್ರ ಕಾಣುತ್ತಿತ್ತು. ಬ್ರಶ್ಶು ಅರ್ಧಕ್ಕೆ ನಿಂತಿತು. ಯಾರು ಗೆದ್ದರು, ಎಷ್ಟು ಪಾಯಿಂಟು ಎಂದು ಮಾವ ಕೇಳಲಿಲ್ಲ. "ಸೋತೋನು ಆಮೇಲೆ ಏನ್ ಮಾಡ್ದ ಸಾರ್?" ಎಂದು ಕೇಳಿದರು. ಪತ್ರಿಕೆಯಲ್ಲಿ ಅದಿರಲಿಲ್ಲ.

ಆ ಪ್ರಶ್ನೆ ನನಗೆ ಆಗ ಅರ್ಥವಾಗಲಿಲ್ಲ. ಸಂಜೆ ಸೈಕಲ್ ತುಳಿಯುತ್ತ ಮಾವನೇ ಹೇಳಿದರು. ಗೆದ್ದವನನ್ನು ನೋಡಿ ಏನೂ ತಿಳಿಯುವುದಿಲ್ಲ, ಗೆದ್ದವರೆಲ್ಲ ಒಂದೇ ಥರ ಇರುತ್ತಾರೆ, ನಗುತ್ತಾರೆ, ಕಾಫಿ ಕೊಡಿಸುತ್ತಾರೆ. ಸೋತವರು ಮಾತ್ರ ಒಬ್ಬೊಬ್ಬರು ಒಂದೊಂದು ಥರ. ಒಬ್ಬರು ಕ್ಯೂ ಬಿಸಾಕಿ ಹೋಗಿ ಮೂರು ತಿಂಗಳು ಕಾಣಿಸುವುದಿಲ್ಲ. ಒಬ್ಬರು ಟೇಬಲ್ ಸರಿಯಿಲ್ಲ ಎಂದು ಮಾರ್ಕರನ ಮೇಲೆ ರೇಗುತ್ತಾರೆ. ಇಪ್ಪತ್ತು ವರ್ಷದಲ್ಲಿ ಒಬ್ಬಿಬ್ಬರು ಮಾತ್ರ ಮಾರನೆ ದಿನ ಅದೇ ಹೊತ್ತಿಗೆ ಬಂದು ಅದೇ ಕ್ಯೂ ತೆಗೆದುಕೊಂಡಿದ್ದರಂತೆ.

ಡೇವಿಸ್ ಸೋತ ಆ ಕೊನೆಯ ಫ್ರೇಮನ್ನು, ಎಂದರೆ ಪಂದ್ಯದ ಕೊನೆಯ ಸುತ್ತನ್ನು, ನಾನು ನೋಡಿದ್ದು ಎಷ್ಟೋ ವರ್ಷದ ಮೇಲೆ, ಕಂಪ್ಯೂಟರಿನಲ್ಲಿ. ಶೆಫೀಲ್ಡಿನ ಕ್ರೂಸಿಬಲ್ ಥಿಯೇಟರಿನಲ್ಲಿ ವಿಶ್ವ ಚಾಂಪಿಯನ್‌ಷಿಪ್ಪಿನ ಫೈನಲ್. ಡೇವಿಸ್ ಮೊದಲ ಎಂಟು ಫ್ರೇಮನ್ನೂ ಗೆದ್ದ. ಎದುರಾಳಿ ಡೆನಿಸ್ ಟೇಲರ್, ಉತ್ತರ ಐರ್ಲೆಂಡಿನವನು, ತಲೆಕೆಳಗು ಮಾಡಿ ಇಟ್ಟಂಥ ದೊಡ್ಡ ಕನ್ನಡಕ. ಅವನು ಒಂದೊಂದೇ ಫ್ರೇಮು ಕಿತ್ತುಕೊಳ್ಳುತ್ತ ಬಂದು ಹದಿನೇಳು ಹದಿನೇಳಕ್ಕೆ ಸಮ ಮಾಡಿದ. ಉಳಿದದ್ದು ಒಂದೇ ಫ್ರೇಮು, ಅದು ನಡೆದದ್ದು 68 ನಿಮಿಷ. ಕೊನೆಗೆ ಟೇಬಲ್ಲಿನ ಮೇಲೆ ನಾಲ್ಕು ಬಣ್ಣದ ಚೆಂಡು. ಡೇವಿಸ್ 62, ಟೇಲರ್ 44. ಟೇಲರ್‌ಗೆ ನಾಲ್ಕೂ ಬೇಕು. ಕಂದು ಹಾಕಿದ, ನೀಲಿ ಹಾಕಿದ, ಗುಲಾಬಿ ಹಾಕಿದ. 62–59. ಕರಿ ಚೆಂಡು ಒಂದೇ ಉಳಿಯಿತು. ಎರಡು ದಿನದ ಆ ಪಂದ್ಯದಲ್ಲಿ ಟೇಲರ್ ಒಂದು ಸಲವೂ ಮುಂದಿರಲಿಲ್ಲ.

ಆಮೇಲಿನ ಕೆಲವು ನಿಮಿಷ ನೋಡುವುದು ಈಗಲೂ ನನಗೆ ಕಷ್ಟ. ಕರಿ ಚೆಂಡು ಅಲ್ಲಿ ಇಲ್ಲಿ ಸುತ್ತುತ್ತದೆ, ಇಬ್ಬರೂ ಪ್ರಯತ್ನಿಸುತ್ತಾರೆ, ಬೀಳುವುದಿಲ್ಲ. ಕೊನೆಗೆ ಡೇವಿಸ್‌ಗೆ ಒಂದು ಅವಕಾಶ. ತೀರಾ ಸುಲಭದ್ದಲ್ಲ, ಚೆಂಡಿನ ಅಂಚನ್ನು ಮಾತ್ರ ಸವರಿ ಹಿಂದಕ್ಕೆ ಕತ್ತರಿಸಬೇಕು. ಆದರೆ ಅವನು ಬೇರೆ ಯಾವ ದಿನವಾದರೂ ಹಾಕುತ್ತಿದ್ದ ಚೆಂಡು. ಬಾಗುತ್ತಾನೆ, ಹೊಡೆಯುತ್ತಾನೆ. ಒಂದು ಕೂದಲೆಳೆಯಷ್ಟು ಹೆಚ್ಚು ತೆಳುವಾಗಿ ತಾಗುತ್ತದೆ, ಚೆಂಡು ಪಾಕೆಟ್ಟಿನ ಅಂಚು ತಪ್ಪಿಸಿಕೊಂಡು ನಿಲ್ಲುತ್ತದೆ. ಟೇಲರ್ ಬಂದು ಹಾಕಿ, ಎರಡೂ ಕೈಯಲ್ಲಿ ಕ್ಯೂವನ್ನು ತಲೆಯ ಮೇಲೆತ್ತುತ್ತಾನೆ. ಆಗ ಅಲ್ಲಿ ರಾತ್ರಿ ಹನ್ನೆರಡು ದಾಟಿ ಇಪ್ಪತ್ತು ನಿಮಿಷ ಕಳೆದಿತ್ತು. ಬ್ರಿಟನ್ನಿನಲ್ಲಿ ಒಂದು ಕೋಟಿ ಎಂಬತ್ತೈದು ಲಕ್ಷ ಜನ ನಿದ್ದೆಗೆಟ್ಟು ಟಿವಿ ಮುಂದಿದ್ದರು. ನನ್ನ ಕಣ್ಣು ಮಾತ್ರ ಆ ಚಿತ್ರದಲ್ಲಿ ಪ್ರತಿ ಸಲವೂ ಡೇವಿಸ್‌ನನ್ನು ಹುಡುಕುತ್ತದೆ. ಅವನ ಮುಖ ಸುಣ್ಣದ ಹಾಗಿದೆ. ಕೇಳಿದ್ದಕ್ಕೆ ಒಂದೊಂದು ಮಾತಿನಲ್ಲಿ ಉತ್ತರ ಕೊಡುತ್ತಾನೆ. ಇಪ್ಪತ್ತೇಳು ವರ್ಷದ ಹುಡುಗ.

ಅವನನ್ನು ಈ ಆಟಕ್ಕೆ ತಂದದ್ದು ಅವನ ಅಪ್ಪ ಬಿಲ್. ಹುಡುಗನಿಗೆ ಹನ್ನೆರಡು ವರ್ಷವಾದಾಗ ಊರಿನ ಕೆಲಸಗಾರರ ಕ್ಲಬ್ಬಿಗೆ ಕರೆದೊಯ್ದರು. ಹಳೆಯ ಚಾಂಪಿಯನ್ ಜೋ ಡೇವಿಸ್ ಬರೆದ ಆಟ ಕಲಿಯುವ ಪುಸ್ತಕ ಕೈಗಿಟ್ಟರು. ಹೆಸರು ಒಂದೇ, ಸಂಬಂಧ ಏನೂ ಇಲ್ಲ. ಅಪ್ಪ, ಮಗ ಇಬ್ಬರೂ ಆ ಪುಸ್ತಕವನ್ನು ಪಾಠದ ಹಾಗೆ ಓದಿದರು. ಕಾಲು ಎಲ್ಲಿಡಬೇಕು, ಗದ್ದ ಎಲ್ಲಿ ಊರಬೇಕು, ಮೊಣಕೈ ಹೇಗಿರಬೇಕು. ಇವತ್ತಿಗೂ ಅವನ ಹಳೆಯ ಆಟ ನೋಡಿದರೆ ಪುಸ್ತಕದ ಚಿತ್ರ ನೋಡಿದ ಹಾಗಿದೆ. ಮೈಯಲ್ಲಿ ಒಂದು ಅನವಶ್ಯಕ ಅಲುಗಾಟವಿಲ್ಲ. ಹದಿನೆಂಟರ ಹೊತ್ತಿಗೆ ರಾಮ್‌ಫರ್ಡ್‌ನ ಸ್ನೂಕರ್ ಹಾಲಿನಲ್ಲಿ ಬ್ಯಾರಿ ಹರ್ನ್ ಎಂಬ ಮಾಲೀಕನ ಕಣ್ಣಿಗೆ ಬಿದ್ದ. 1978ರಲ್ಲಿ ವೃತ್ತಿಪರನಾದ. 1981ರಲ್ಲಿ ವಿಶ್ವ ಚಾಂಪಿಯನ್. ಅಂದು ಹರ್ನ್ ಖುಷಿ ತಡೆಯಲಾರದೆ ಓಡಿಬಂದು ಇವನಿಗೆ ಡಿಕ್ಕಿಯನ್ನೇ ಹೊಡೆದ. 1982ರಲ್ಲಿ ಓಲ್ಡ್‌ಹ್ಯಾಮಿನಲ್ಲಿ, ಒಂದೇ ಸರದಿಯಲ್ಲಿ ಇಡೀ ಟೇಬಲ್ ಖಾಲಿ ಮಾಡಿ ಪೂರ್ತಿ 147 ಗಳಿಸುವುದನ್ನು ಟಿವಿ ಕ್ಯಾಮೆರಾದ ಎದುರು ಮೊದಲ ಬಾರಿಗೆ ಮಾಡಿ ತೋರಿಸಿದ. ಬಹುಮಾನ ಒಂದು ಲಾಡಾ ಕಾರು. 1983, 84ರಲ್ಲಿ ಮತ್ತೆ ಚಾಂಪಿಯನ್. ಅಷ್ಟೆಲ್ಲ ಆದಮೇಲೆ ಬಂದದ್ದು ಆ ಕರಿ ಚೆಂಡು.

ಮರುವರ್ಷವೂ ಅವನು ಫೈನಲ್ಲಿಗೆ ಬಂದ, ಮತ್ತೆ ಸೋತ. ಈ ಸಲ ಯಾರೂ ಎಣಿಸಿರದ ಜೋ ಜಾನ್ಸನ್ ಎದುರಿಗೆ, 18–12. 1987ರಲ್ಲಿ ಅದೇ ಜಾನ್ಸನ್‌ನನ್ನು ಸೋಲಿಸಿ ಗೆದ್ದಾಗ ನಾನು ಪತ್ರಿಕೆಯ ಮೂಲೆಯಲ್ಲಿದ್ದ ಸುದ್ದಿಯನ್ನು ಹಿಡಿದುಕೊಂಡು ಕ್ಲಬ್ಬಿಗೆ ಓಡಿದ್ದೆ. "ಮಾವ, ಡೇವಿಸ್ ಗೆದ್ದ!" ಮಾವ ಸಂತೋಷಪಟ್ಟರು, ನನ್ನ ತಲೆ ಸವರಿದರು. ಆದರೆ, "ಮೂವತ್ತು ವರ್ಷಕ್ಕೇ ಗೆಲ್ಲದೆ ಇನ್ಯಾವಾಗ ಗೆಲ್ತಾನೆ? ಕೈ ನಡುಗೋ ಕಾಲ ಬರತ್ತಲ್ಲ, ಆಗ ನೋಡ್ಬೇಕು" ಎಂದರು. ಹದಿಮೂರು ವರ್ಷದ ನನಗೆ ಬೇಜಾರಾಗಿತ್ತು.

1988, 89ರಲ್ಲೂ ಗೆದ್ದ. 89ರ ಫೈನಲ್‌ನಲ್ಲಿ ಜಾನ್ ಪ್ಯಾರಟ್‌ನನ್ನು 18–3ರಿಂದ ಸೋಲಿಸಿದ. ಅಲ್ಲಿಗೆ ಆರು ಪಟ್ಟ. ಆ ವರ್ಷಗಳಲ್ಲಿ ಅವನನ್ನು ನೀರಸ ಆಟಗಾರ ಎಂದು ಟಿವಿಯಲ್ಲಿ ಬೊಂಬೆ ಮಾಡಿ ಆಡಿಸಿದರು. ಅವನು ಮುನಿಸಿಕೊಳ್ಳದೆ ಆ ಹೆಸರನ್ನೇ ತನ್ನದಾಗಿ ಮಾಡಿಕೊಂಡ. ಮುಂದಿನ ವರ್ಷ ಇಪ್ಪತ್ತೊಂದರ ಸ್ಟೀಫನ್ ಹೆಂಡ್ರಿ ಚಾಂಪಿಯನ್ ಆದ, ಕಾಲ ಬದಲಾಯಿತು. ಡೇವಿಸ್ ಮತ್ತೆಂದೂ ವಿಶ್ವ ಚಾಂಪಿಯನ್‌ಷಿಪ್ಪಿನ ಫೈನಲ್ ತಲುಪಲಿಲ್ಲ. ಅವನ ಬಗ್ಗೆ ಬರೆಯುವವರು ಸಾಮಾನ್ಯವಾಗಿ ಇಲ್ಲಿಗೆ ಪುಟ ಮುಗಿಸುತ್ತಾರೆ. ನನ್ನ ಮಟ್ಟಿಗೆ ಅವನ ವೃತ್ತಿಜೀವನ ಶುರುವಾಗುವುದೇ ಇಲ್ಲಿಂದ.

ಯಾಕೆಂದರೆ ಅವನು ಮರುದಿನ ಬಂದ. ಮುಂದಿನ ಇಪ್ಪತ್ತಾರು ವರ್ಷ ಬರುತ್ತಲೇ ಇದ್ದ. 1997ರಲ್ಲಿ ಮಾಸ್ಟರ್ಸ್ ಫೈನಲ್‌ನಲ್ಲಿ ರಾನಿ ಓ'ಸಲಿವನ್ ಎದುರು 4–8ರ ಹಿನ್ನಡೆಯಿಂದ ಎದ್ದು 10–8ಕ್ಕೆ ಗೆದ್ದ. ಶ್ರೇಯಾಂಕದ ಮೊದಲ ಹದಿನಾರು ಸ್ಥಾನದಿಂದ ಕೆಳಗೆ ಬಿದ್ದ, ಮತ್ತೆ ಹತ್ತಿದ. ನಲವತ್ತೆಂಟನೇ ವಯಸ್ಸಿನಲ್ಲಿ ಯುಕೆ ಚಾಂಪಿಯನ್‌ಷಿಪ್ಪಿನ ಫೈನಲ್ ಮುಟ್ಟಿ, ಹದಿನೆಂಟರ ಚೀನಾದ ಹುಡುಗ ಡಿಂಗ್ ಜುನ್‌ಹುಯಿಗೆ ಸೋತ. ಒಂದು ಕಾಲಕ್ಕೆ ನೇರವಾಗಿ ಕ್ರೂಸಿಬಲ್ಲಿಗೆ ಕಾಲಿಡುತ್ತಿದ್ದವನು ಈಗ ಪ್ರತಿ ವರ್ಷ ಅರ್ಹತಾ ಸುತ್ತಿನ ಸಣ್ಣ ಕೋಣೆಗಳಲ್ಲಿ, ಬೆರಳೆಣಿಕೆಯ ಜನರ ಮುಂದೆ, ತನ್ನ ಅರ್ಧ ವಯಸ್ಸಿನವರ ಜೊತೆ ಸಾಲಿನಲ್ಲಿ ನಿಂತು ಆಡಬೇಕಿತ್ತು. ಹಾಗೇ ಆಡಿದ.

2010ರ ಏಪ್ರಿಲ್. ಡೇವಿಸ್‌ಗೆ ಐವತ್ತೆರಡು. ಕ್ರೂಸಿಬಲ್‌ನಲ್ಲಿ ಎರಡನೇ ಸುತ್ತು, ಎದುರಿಗೆ ಹಿಂದಿನ ವರ್ಷದ ಚಾಂಪಿಯನ್ ಜಾನ್ ಹಿಗಿನ್ಸ್. ಇವನು ಮೊದಲ ಪಟ್ಟ ಗೆದ್ದಾಗ ಹಿಗಿನ್ಸ್‌ಗೆ ಆರು ವರ್ಷವೂ ತುಂಬಿರಲಿಲ್ಲ. ಆ ಪಂದ್ಯದ ಸುದ್ದಿಯನ್ನು ನಾನು ಆಫೀಸಿನ ಕೆಲಸ ಬದಿಗಿಟ್ಟು ಕಂಪ್ಯೂಟರಿನಲ್ಲಿ ಫ್ರೇಮಿನಿಂದ ಫ್ರೇಮಿಗೆ ಹಿಂಬಾಲಿಸಿದೆ. 13–11. ಡೇವಿಸ್ ಗೆದ್ದ. ನನ್ನ ಕಣ್ಣು ತುಂಬಿ ಬಂತು. ಎಂಟರ ಘಟ್ಟದಲ್ಲಿ ನೀಲ್ ರಾಬರ್ಟ್‌ಸನ್‌ಗೆ 13–5ರಿಂದ ಸೋತ, ಅದು ಬೇರೆ ಮಾತು. ಅದೇ ಕೂಟದ ದಿನಗಳಲ್ಲಿ ಅವನೂ ಟೇಲರನೂ ಅದೇ ಜಾಗದಲ್ಲಿ ನಿಂತು, ಇಪ್ಪತ್ತೈದು ವರ್ಷದ ಹಿಂದಿನ ಆ ಕೊನೆಯ ಫ್ರೇಮನ್ನು ಜನರ ಮುಂದೆ ಮತ್ತೆ ಆಡಿ ತೋರಿಸಿದರು. ತನ್ನ ಬದುಕಿನ ಅತಿ ದೊಡ್ಡ ಸೋಲನ್ನು ನಗುನಗುತ್ತ ಮತ್ತೆ ನಟಿಸಲು ಎಂಥ ಎದೆ ಬೇಕು! ಆರು ಪಟ್ಟಗಳಿಗಿಂತ ಆ ಒಂದು ವಾರವನ್ನು ನಾನು ದೊಡ್ಡದೆಂದು ಎಣಿಸುತ್ತೇನೆ.

ಬಿಟ್ಟು ಬರುವುದಕ್ಕೂ ಎದೆ ಬೇಕು, ಅದನ್ನೂ ಬಲ್ಲೆ. ನಮ್ಮ ಬೆಂಗಳೂರಿನ ಪಂಕಜ್ ಅಡ್ವಾಣಿ 2012ರಲ್ಲಿ ಇದೇ ವೃತ್ತಿಪರ ಸ್ನೂಕರಿಗೆ ಹೋಗಿ, ಒಳ್ಳೆಯ ಆಟ ಆಡಿ, 2014ರಲ್ಲಿ ಸಾಕೆಂದು ಮನೆಗೆ, ಬಿಲಿಯರ್ಡ್ಸಿಗೆ ಮರಳಿದ. ಮರಳಿದ ಮೇಲೂ ಗೆಲ್ಲುತ್ತಲೇ ಇದ್ದಾನೆ. ತನ್ನ ಆಟ ಎಲ್ಲಿದೆ ಎಂದು ತಿಳಿದವನ ನಿರ್ಧಾರ ಅದು. ಡೇವಿಸ್‌ಗೆ ಅಂಥ ಇನ್ನೊಂದು ಮನೆ ಇರಲಿಲ್ಲ, ಅವನ ಮನೆಯೇ ಆ ಟೇಬಲ್ಲು.

2016ರಲ್ಲಿ ಅಪ್ಪ ಬಿಲ್ ತೀರಿಕೊಂಡರು. ಆ ವರ್ಷದ ಅರ್ಹತಾ ಸುತ್ತಿನಲ್ಲಿ ಡೇವಿಸ್ ಫರ್ಗಲ್ ಓ'ಬ್ರಿಯನ್‌ಗೆ 10–4ರಿಂದ ಸೋತ. ಏಪ್ರಿಲ್ 17ರಂದು ಟಿವಿಯ ನೇರ ಪ್ರಸಾರದಲ್ಲಿ, ಇನ್ನು ಸಾಕು ಎಂದ. ಮುಖ್ಯ ಕಾರಣ ಅಪ್ಪನ ಸಾವು. ಟ್ರೋಫಿ ಹಿಡಿದುಕೊಂಡು ಕ್ರೂಸಿಬಲ್ಲಿನೊಳಗೆ ನಡೆದು ಬಂದಾಗ ಜನ ಎದ್ದು ನಿಂತರು. ನನಗೆ ಅದನ್ನು ನೋಡುವಾಗ ಹನ್ನೆರಡು ವರ್ಷದ ಹುಡುಗ, ಒಂದು ಪುಸ್ತಕ, ಪಕ್ಕದಲ್ಲಿ ಅಪ್ಪ, ಇಷ್ಟೇ ಕಂಡದ್ದು. ಪಾಠ ಹೇಳಿಕೊಟ್ಟವರು ಹೋದ ಮೇಲೆ ಆಟ ನಿಂತಿತು. ಈಗ ಅವನು ಮಾಡ್ಯುಲರ್ ಸಿಂಥಸೈಜರ್ ನುಡಿಸುತ್ತಾನೆ. ಗೆಳೆಯರ ಜೊತೆ ಸೇರಿ ದಿ ಯುಟೋಪಿಯಾ ಸ್ಟ್ರಾಂಗ್ ಎಂಬ ತಂಡ ಕಟ್ಟಿದ್ದಾನೆ. ಹೊಸ ವಿದ್ಯೆಯ ಮುಂದೆ ಮತ್ತೆ ವಿದ್ಯಾರ್ಥಿ.

ಮೊನ್ನೆ ಕೊನೆಗೂ ಮೇಲಿನ ಮನೆಗೆ ಹೋದೆ. ರಾತ್ರಿ ಹತ್ತೂಕಾಲು. ಬಾಗಿಲು ತೆಗೆದವರು ಆಫೀಸಿನ ಬಟ್ಟೆಯಲ್ಲೇ ಇದ್ದರು. ಹಿಂದೆ ನೆಲದ ಮೇಲೆ ಎಂಟು ವರ್ಷದ ಹುಡುಗ ಬೋರಲು ಮಲಗಿ ಒಂದು ಕಣ್ಣು ಮುಚ್ಚಿ ಗುರಿ ನೋಡುತ್ತಿದ್ದ. ಗ್ರಾನೈಟಿನ ಮೇಲೆ ಸೀಮೆಸುಣ್ಣದ ಗೆರೆ. "ತುಂಬಾ ಸದ್ದಾಯ್ತಾ ಸಾರ್? ನಾನು ಬರೋದೇ ಒಂಬತ್ತೂವರೆ. ಇವನು ಮಲಗದೆ ಕಾಯ್ತಾನೆ" ಎಂದರು. ಹೇಳಬೇಕೆಂದು ಹೋದ ಮಾತು ಹೇಳಲಾಗಲಿಲ್ಲ. ಕೆಳಗಿಳಿದು ಬಂದು, ಅಜ್ಜಿಯ ಮನೆಯಿಂದ ಬಂದಿದ್ದ ಹಳೆಯ ಕಂಬಳಿಯನ್ನು ತೆಗೆದುಕೊಂಡು ಹೋಗಿ ಹಾಸಿದೆ.

ಹುಡುಗ ಎರಡು ಸಲ ಹೊಡೆದ. ಮೂರನೇ ಸಲ ಮೆಲ್ಲಗೆ ಉರುಳಿಸಿ, ಹುಬ್ಬು ಗಂಟಿಕ್ಕಿ, "ಅಂಕಲ್, ಇದರ ಮೇಲೆ ಗೋಲಿ ಒಂದೇ ಕಡೆಗೆ ಹೋಗತ್ತೆ" ಎಂದ. ಅವನ ಪುಟ್ಟ ಕೈ ಹಿಡಿದು, "ಕಣ್ಮುಚ್ಕೊಂಡು ಸವರು" ಎಂದೆ. ಸವರಿದ. "ಈಗ ಆ ಕಡೆಯಿಂದ."

ಮಾವ ತೀರಿಕೊಂಡು ಇಪ್ಪತ್ತು ವರ್ಷವಾಯಿತು. ಹಿಗಿನ್ಸ್‌ನನ್ನು ಸೋಲಿಸಿದ್ದನ್ನು ಅವರು ನೋಡಲಿಲ್ಲ. ಅವರಿಗೆ ನಾನು ಒಪ್ಪಿಸಬೇಕಾಗಿದ್ದ ಉತ್ತರ ಇಷ್ಟು: 1985ರ ಏಪ್ರಿಲ್‌ನಲ್ಲಿ ಆ ಕರಿ ಚೆಂಡು ತಪ್ಪಿಸಿದವನು, ಮಾವ, 2016ರ ಏಪ್ರಿಲ್‌ವರೆಗೆ ಆಡಿದ.